ಅವ್ವನ ಪದ ಹುಡುಕಿದ್ದು: ರಿಕುವಾ, ವಿನ್‌ಎಫ್‌ಆರ್, ಫೋಟೊರೆಕ್

ಶರಣಬಸವೇಶ್ವರ ಜಾತ್ರೆಗೆಂದು ಕಲಬುರಗಿಗೆ ಬಂದಿದ್ದ ಅಣ್ಣನ ಮಗ, ಗೇಮ್ ಹಾಕಲು ಡಿ ಡ್ರೈವಿನಲ್ಲಿ ಜಾಗ ಮಾಡುತ್ತ ಅವ್ವನ ಫೋಲ್ಡರನ್ನೇ ಶಿಫ್ಟ್ ಹಿಡಿದು ಡಿಲೀಟ್ ಮಾಡಿಬಿಟ್ಟ. ರೀಸೈಕಲ್ ಬಿನ್ನಿನಲ್ಲೂ ಇಲ್ಲ. "ಕಾಕಾ, ಪದ ಎಲ್ಲಾ ಹೋಗ್ಯಾವ್ರಿ" ಅಂತ ಅವನು ಓಡಿಬರುವ ಹೊತ್ತಿಗೆ ಗೇಮ್ ಅರ್ಧ ಕಾಪಿಯಾಗಿತ್ತು. ಅಲ್ಲೇ ನಿಲ್ಲಿಸಿದೆ. ಅವ್ವ ಹಾಡಿದ 31 ತತ್ವಪದಗಳು ಅವು. ಅವ್ವ ಈಗಿಲ್ಲ.

ಮೊದಲು ರಿಕುವಾ, ಅಳಿಸಿದ ಫೈಲ್ ಹುಡುಕಿಕೊಡುವ ತಂತ್ರಾಂಶ. ಸಿ ಡ್ರೈವಿಗೆ ಇನ್‌ಸ್ಟಾಲ್ ಮಾಡಿ, ಸಿಕ್ಕಿದ್ದನ್ನು ಬೇರೆ ಡಿಸ್ಕಿಗೆ ಇಳಿಸಿದೆ. ಕಳೆದ ಡ್ರೈವಿಗೇ ಇಳಿಸಿದರೆ ಉಳಿದದ್ದರ ಮೇಲೆ ಬರೆದಂತಾಗುತ್ತದೆ. ಚೆನ್ನಾಗಿ ಉಳಿದಿವೆ ಎಂದು ಹಸಿರು ಚುಕ್ಕೆ ತೋರಿಸಿದ 22 ಪದಗಳು ಹೆಸರು ಸಮೇತ ಬಂದವು. 'ಶ್ರಾವಣ ಸೋಮವಾರ 2' ಒತ್ತಿದೆ. ಹಾಡಿಗಿಂತ ಮೊದಲು ಒಂದು ಕೆಮ್ಮು, ಆಮೇಲೆ "ಚಾಲೂ ಆತೇನೋ?" ಅನ್ನುವ ಅವ್ವನ ದನಿ. ಅರ್ಧ ಗಂಟೆ ಮುಂದಿನ ಫೈಲಿಗೆ ಕೈ ಹೋಗಲಿಲ್ಲ.

ಮೈಕ್ರೋಸಾಫ್ಟ್ 2020ರಲ್ಲಿ ತಂದ ವಿನ್‌ಎಫ್‌ಆರ್ (ವಿಂಡೋಸ್ ಫೈಲ್ ರಿಕವರಿ) ಕೊಟ್ಟದ್ದೂ ಅವೇ 22. ಅದಕ್ಕೆ ಗುಂಡಿಗಳಿಲ್ಲ, ಕಪ್ಪು ಪರದೆಯಲ್ಲಿ ಆದೇಶ ಟೈಪ್ ಮಾಡಬೇಕು. ಮನೆಮಂದಿಗೆ ನಾನು ಇದನ್ನು ಹೇಳುವುದಿಲ್ಲ.

ಉಳಿದ ಒಂಬತ್ತಕ್ಕೆ ಫೋಟೊರೆಕ್ ಹಚ್ಚಿದೆ. ಹೆಸರು ಫೋಟೊ ಅಂತಿದ್ದರೂ ಹಾಡು, ವಿಡಿಯೊ, ಕಾಗದಪತ್ರ ಎಲ್ಲಾ ತೆಗೆಯುತ್ತದೆ. ಡ್ರೈವಿನಲ್ಲಿ ಯಾವ ಫೈಲ್ ಎಲ್ಲಿದೆ ಅನ್ನುವ ಪಟ್ಟಿ ಇರುತ್ತದಲ್ಲ, ರಿಕುವಾದ ಸಾಮಾನ್ಯ ಹುಡುಕಾಟ ನಂಬುವುದು ಅದನ್ನು. ಆ ಪಟ್ಟಿಯ ಸಾಲಿನಲ್ಲಿ ಗೇಮಿನ ಫೈಲ್ ಬಂದು ಕೂತರೆ ಅದರ ಪಾಲಿಗೆ ಹಾಡು ಇಲ್ಲವೇ ಇಲ್ಲ. ಫೋಟೊರೆಕ್ ಪಟ್ಟಿ ಬಿಟ್ಟು ಡಿಸ್ಕನ್ನೇ ಓದುತ್ತ, ಪ್ರತಿ ಬಗೆಯ ಫೈಲಿನ ಆರಂಭದ ಗುರುತು ಹಿಡಿದು ಎತ್ತುತ್ತದೆ. ಬೇಸಿಗೆ, ನಡುವೆ ಎರಡು ಸಲ ಕರೆಂಟ್ ಹೋಯಿತು. ಮತ್ತೆ ತೆರೆದಾಗ ನಿಂತಲ್ಲಿಂದಲೇ ಮುಂದುವರಿಸಲೇ ಎಂದು ಕೇಳಿತು. ಆದರೆ ಹೆಸರು ಹೋಗುತ್ತದೆ. ಬರೀ ನಂಬರಿನ ಸಾವಿರಾರು ಫೈಲುಗಳು, ಎಂದೋ ಅಳಿಸಿದ್ದ ಸಿನಿಮಾ ಹಾಡುಗಳ ಜೊತೆಗೆ. ಮೂರು ಸಂಜೆ ಒಂದೊಂದಾಗಿ ಕೇಳಿ ಏಳು ಪದ ಆರಿಸಿದೆ.

ನಿಮ್ಮದು ಹಾರ್ಡ್ ಡಿಸ್ಕ್ ಆಗಿದ್ದು, ಈಗಷ್ಟೇ ಅಳಿಸಿದ್ದರೆ ರಿಕುವಾ ಸಾಕು. ಫಾರ್ಮ್ಯಾಟ್ ಆದ ಪೆನ್‌ಡ್ರೈವ್, ಕ್ಯಾಮೆರಾ ಕಾರ್ಡಿಗೆ ನೇರವಾಗಿ ಫೋಟೊರೆಕ್. ಎಸ್‌ಎಸ್‌ಡಿಯಾದರೆ (ತಿರುಗುವ ತಟ್ಟೆಯಿಲ್ಲದ, ಚಿಪ್ಪಿನ ಡಿಸ್ಕ್) ಆಸೆ ಕಡಿಮೆ: ಅಳಿಸಿದ ಜಾಗ ಖಾಲಿಯೆಂದು ವಿಂಡೋಸ್ ತಾನೇ ಡಿಸ್ಕಿಗೆ ತಿಳಿಸುತ್ತದೆ, ಡಿಸ್ಕ್ ಅದನ್ನು ಒರೆಸಿಬಿಡುತ್ತದೆ. ಎಸ್‌ಎಸ್‌ಡಿಯಾದ ನನ್ನ ಸಿ ಡ್ರೈವಿನಲ್ಲಿ ಬೇಕೆಂದೇ ಒಂದು ಫೋಟೊ ಅಳಿಸಿ ನೋಡಿದೆ. ರಿಕುವಾದಲ್ಲಿ ಹೆಸರು ಕಂಡಿತು, ಚಿತ್ರ ತೆರೆಯಲಿಲ್ಲ.

ಇನ್ನೆರಡು ಪದ ಸಿಕ್ಕಿಲ್ಲ. ಆ ಹಾರ್ಡ್ ಡಿಸ್ಕ್ ಬಿಚ್ಚಿ, ಬಟ್ಟೆ ಸುತ್ತಿ ಅವ್ವನ ಟ್ರಂಕಿನಲ್ಲಿಟ್ಟಿದ್ದೇನೆ.