ಹುಬ್ಬಳ್ಳಿ ಜಂಕ್ಷನ್: ಬಸ್ಸು ಪುಕ್ಕಟೆ ಇದ್ದರೂ ರೈಲ್ವೆ ಪಾಸ್ ತೆಗೆಯುವವಳ ವಿಮರ್ಶೆ

ಮೂರು ತಿಂಗಳಿಗೊಮ್ಮೆ ಪಾಸ್ ಹೊಸದು ಮಾಡಿಸುವ ದಿನ ನಮ್ಮ ಮನೆಯವರದು ಒಂದೇ ಪ್ರಶ್ನೆ. "ಬಸ್ಸು ಪುಕ್ಕಟೆ ಐತಿ. ರೊಕ್ಕಾ ಕೊಟ್ಟು ರೈಲಿಗೆ ಯಾಕ ಹೋಗ್ತಿ?" 2023ರ ಜೂನ್ 11ಕ್ಕೆ ಶಕ್ತಿ ಯೋಜನೆ ಶುರುವಾದಾಗಿನಿಂದ ಇದು ತಪ್ಪಿಲ್ಲ. ಪ್ರಶ್ನೆಯೇನೋ ಸರಿಯಾಗಿಯೇ ಇದೆ. ಆಧಾರ್ ತೋರಿಸಿದರೆ ಅಣ್ಣಿಗೇರಿಯಿಂದ ಹುಬ್ಬಳ್ಳಿಗೆ ಸೊನ್ನೆ ರೂಪಾಯಿ. ಉತ್ತರವನ್ನು ಮಾತ್ರ ನಾನು ಇವತ್ತಿನವರೆಗೂ ನೆಟ್ಟಗೆ ಹೇಳಿಲ್ಲ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

2006ರಿಂದ ಈ ದಾರಿ ನನ್ನದು. ಮನೆ ಅಣ್ಣಿಗೇರಿ, ನೌಕರಿ ಧಾರವಾಡ. ನೇರ ರೈಲುಗಳಿವೆ, ಆದರೆ ನನ್ನ ಆಫೀಸಿನ ಹೊತ್ತಿಗೆ ಹೊಂದುವುದಿಲ್ಲ. ಹಾಗಾಗಿ ಹುಬ್ಬಳ್ಳಿಯಲ್ಲಿ ಇಳಿದು ಇನ್ನೊಂದು ಗಾಡಿ ಹತ್ತಬೇಕು. ಬೆಳಿಗ್ಗೆ ಬರೀ ಓಟ, ಅದರ ಬಗ್ಗೆ ಹೇಳೋಕೆ ಏನೂ ಇಲ್ಲ. ಈ ವಿಮರ್ಶೆ ಪೂರ್ತಿ ಸಂಜೆಯದು.

ಜಗತ್ತಿನಲ್ಲೇ ಅತಿ ಉದ್ದದ ರೈಲ್ವೆ ಪ್ಲಾಟ್‌ಫಾರ್ಮ್ ಇಲ್ಲಿಯದು, ಡ್ರೋನ್ ಹಾರಿಸಿ ತೆಗೆದ ಅದರ ವಿಡಿಯೊ ನೀವು ನೋಡಿರುತ್ತೀರಿ. ನಮ್ಮ ಮನೆಯ ವಾಟ್ಸಾಪ್ ಗ್ರೂಪಿಗೇ ಅದು ನಾಲ್ಕು ಸಲ ಬಂದಿದೆ. ಲಿಫ್ಟು, ಎಸ್ಕಲೇಟರು, ಹೊಳೆಯುವ ನೆಲ, ಎಲ್ಲ ಇದೆ, ಚೆನ್ನಾಗಿದೆ. ಅದನ್ನು ಬಿಟ್ಟು ನನ್ನ ಬೆಂಚಿಗೆ ಬರುತ್ತೇನೆ.

ಜಂಕ್ಷನ್ ಅಂದರೆ ಬೇರೆ ಬೇರೆ ದಿಕ್ಕಿನ ಹಳಿಗಳು ಕೂಡುವ ಜಾಗ ಅಂತ ಶಾಲೆಯಲ್ಲಿ ಕಲಿತಿದ್ದೆವು. ಇಲ್ಲಿಂದ ಒಂದು ಹಳಿ ಗದಗ, ಹೊಸಪೇಟೆ ದಾಟಿ ಗುಂತಕಲ್ಲಿಗೆ ಹೋಗುತ್ತದೆ. ಒಂದು ಹಾವೇರಿ, ದಾವಣಗೆರೆ ದಾಟಿ ಬೆಂಗಳೂರಿಗೆ. ಇನ್ನೊಂದು ಧಾರವಾಡ, ಲೋಂಡಾ ಕಡೆಗೆ. ಆದರೆ ಪಾಸಿನವರ ಲೆಕ್ಕದಲ್ಲಿ ಜಂಕ್ಷನ್ ಅಂದರೆ ಕಾಯುವ ಜಾಗ, ಅಷ್ಟೇ.

ಮೊದಲೆಲ್ಲ ಧಾರವಾಡದ ಗಾಡಿ ಇಳಿದು ಗದಗ ಕಡೆಯ ಪ್ಯಾಸೆಂಜರ್ ಹತ್ತುವ ನಡುವೆ ನನಗೆ ಮುಕ್ಕಾಲು ತಾಸು ಸಿಗುತ್ತಿತ್ತು. ಕೆಲವು ದಿನ ಒಂದೂವರೆ ತಾಸು. ಆಗ ಗದಗ ಕಡೆ ಒಂಟಿ ಹಳಿ. ಒಂದು ಗಾಡಿ ಹೆಬಸೂರಿನಲ್ಲೋ ಕುಸುಗಲ್ಲಿನಲ್ಲೋ ಎದುರಿನದಕ್ಕೆ ದಾರಿ ಬಿಟ್ಟು ನಿಲ್ಲಬೇಕಿತ್ತು. "ಕ್ರಾಸಿಂಗ್ ಐತಿ" ಅಂತ ಯಾರಾದರೂ ಅಂದರೆ ಮುಗಿಯಿತು. ಮುಂದೆ ಯಾರೂ ಏನೂ ಕೇಳುತ್ತಿರಲಿಲ್ಲ, ತಡವಾದದ್ದಕ್ಕೆ ಮನೆಯಲ್ಲೂ ಅದೊಂದೇ ಮಾತು ಸಾಕಿತ್ತು.

ಆ ಮುಕ್ಕಾಲು ತಾಸಿನಲ್ಲಿ ನಾನು ಪಲ್ಲೆ ಸೋಸುತ್ತಿದ್ದೆ.

ನಗಬೇಡಿ. ಆಫೀಸು ಬಿಟ್ಟು ಬರುವಾಗ ಧಾರವಾಡದಲ್ಲೇ ಪಲ್ಲೆ ತಗೊಂಡಿರುತ್ತೇನೆ. ಮೆಂತೆ, ಪುಂಡಿ, ರಾಜಗಿರಿ, ಯಾವುದು ತಾಜಾ ಇದೆಯೋ ಅದು. ಪೇರಲದ ಕಾಲದಲ್ಲಿ ನವಲೂರಿನ ನಾಲ್ಕು ಪೇರಲವೂ ಚೀಲದಲ್ಲಿರುತ್ತವೆ. ಬೆಂಚಿನ ಮೇಲೆ ಕೂತು ಮೊದಲು ಚಪ್ಪಲಿ ಬಿಡುತ್ತೇನೆ. ದಿನವಿಡೀ ಬಿಗಿದ ಕಾಲು ತಣ್ಣನೆಯ ನೆಲಕ್ಕೆ ತಾಗಿದಾಗ ಆಗುವ ಸುಖಕ್ಕೆ ಸ್ಟಾರ್ ಕೊಡುವ ಜಾಗ ಈ ವಿಮರ್ಶೆಯಲ್ಲಿ ಇಲ್ಲ. ಆಮೇಲೆ ತೊಡೆಯ ಮೇಲೆ ಹಳೇ ಪೇಪರು. ಎಲೆ ಒಂದು ಚೀಲಕ್ಕೆ, ಬೇರು ಇನ್ನೊಂದಕ್ಕೆ. ಮೆಂತೆಯ ದಂಟು ಚಟಕ್ಕನೆ ಮುರಿದರೆ ಎಳೆಯದು, ಇಟ್ಟುಕೊಳ್ಳಬೇಕು. ಬಾಗಿದರೆ ಬಿಸಾಕಬೇಕು. ಪುಂಡಿ ಪಲ್ಲೆಗೆ ಇಷ್ಟು ಗೋಳಿಲ್ಲ, ಎಲೆ ಹರಿದರೆ ಆಯಿತು. ಕಸವೆಲ್ಲ ಕಸದ ಡಬ್ಬಿಗೇ ಹೋಗುತ್ತದೆ, ಹತ್ತೊಂಬತ್ತು ವರ್ಷದಲ್ಲಿ ಒಂದು ಬೇರು ಕೆಳಗೆ ಬಿಟ್ಟಿಲ್ಲ. ಪಲ್ಲೆ ಮುಗಿದ ಮೇಲೆ ಒಂದು ಚಹಾ. ಮೊದಲು ಕುಡಿಯುವುದಿಲ್ಲ. ಯಾಕೆ ಅಂತ ನನಗೂ ಗೊತ್ತಿಲ್ಲ.

ಇದೇ ಪಲ್ಲೆಯನ್ನು ಮನೆಯಲ್ಲಿ ಸೋಸಿದರೆ ಅದು ಕೆಲಸ. ನಡುವೆ ಮೂರು ಸಲ ಯಾರಾದರೂ ಕರೆಯುತ್ತಾರೆ. ಇಲ್ಲಿ ಎಷ್ಟು ಸಾವಿರ ಜನ ಓಡಾಡಿದರೂ ಒಬ್ಬರೂ ನನ್ನನ್ನು ಕರೆಯುವುದಿಲ್ಲ. ಕರೆಯುವವಳು ಒಬ್ಬಳೇ, ಮೈಕಿನವಳು. ಅವಳೂ ಗಾಡಿಗಳನ್ನೇ ಕರೆಯುತ್ತಾಳೆ. 2020ರಲ್ಲಿ ನಿಲ್ದಾಣಕ್ಕೆ ಸಿದ್ಧಾರೂಢ ಸ್ವಾಮೀಜಿಯವರ ಹೆಸರಿಟ್ಟ ಮೇಲೆ ಅವಳ ಮಾತೂ ಉದ್ದವಾಗಿದೆ. ಪೂರ್ತಿ ಹೆಸರನ್ನು ಕನ್ನಡ, ಹಿಂದಿ, ಇಂಗ್ಲಿಷಿನಲ್ಲಿ ಹೇಳಿ ಮುಗಿಸುವಷ್ಟರಲ್ಲಿ ನನ್ನ ಅರ್ಧ ಕಟ್ಟು ಮೆಂತೆ ಮುಗಿದಿರುತ್ತದೆ.

ನನ್ನ ಗಡಿಯಾರ ಆಗ ಡೀಸೆಲ್ ಎಂಜಿನ್. ಹುಬ್ಬಳ್ಳಿಯ ಡೀಸೆಲ್ ಶೆಡ್ ಹೆಸರು ಮಾಡಿದ್ದು. ಇಲ್ಲಿನ ಆ ದೊಡ್ಡ ಎಂಜಿನ್‌ಗಳ ದನಿ ಕಿವಿಗಿಂತ ಮೊದಲು ಬೆಂಚಿಗೆ ಬರುತ್ತಿತ್ತು. ಕೂತಲ್ಲೇ ಬೆನ್ನಿಗೆ ಗುಡುಗುಡು ತಾಗುತ್ತಿತ್ತು. ಆಗ ಪೇಪರು ಮಡಚಿ, ಚೀಲದ ಬಾಯಿ ಕಟ್ಟಿ, ಚಪ್ಪಲಿ ಹಾಕಿಕೊಂಡರೂ ಸಮಯ ಉಳಿಯುತ್ತಿತ್ತು. ತಲೆ ಎತ್ತಿ ನೋಡುವ ಅಗತ್ಯವೇ ಇರಲಿಲ್ಲ.

ಇದರ ಬೆಲೆ ಗೊತ್ತಾಗಿದ್ದು 2020ರ ಮಾರ್ಚಿನಲ್ಲಿ, ಕೊರೊನಾ ಬಂದು ರೈಲುಗಳೆಲ್ಲ ನಿಂತಾಗ. ಆಮೇಲೆ ಎಕ್ಸ್‌ಪ್ರೆಸ್‌ಗಳು ಒಂದೊಂದೇ ಬಂದವು, ನಮ್ಮಂಥವರ ಪ್ಯಾಸೆಂಜರ್ ಬರೋಕೆ ತುಂಬ ದಿನ ಹಿಡಿಯಿತು. ಪಾಸೂ ನಡೆಯುತ್ತಿರಲಿಲ್ಲ. ಕೊನೆಗೆ ಗಾಡಿ ಬಂದರೂ ಹೆಸರು ಸ್ಪೆಷಲ್, 10 ರೂಪಾಯಿಯ ಕನಿಷ್ಠ ಟಿಕೆಟ್ಟು 30 ರೂಪಾಯಿ. ಅದು ಮತ್ತೆ 10ಕ್ಕೆ ಇಳಿದದ್ದು 2024ರ ಫೆಬ್ರವರಿಯಲ್ಲಿ. ಆ ನಡುವೆ ನಾನು ಬಸ್ಸಿನಲ್ಲಿ ಓಡಾಡಿದೆ. ಹುಬ್ಬಳ್ಳಿ ಧಾರವಾಡದ ನಡುವೆ ಚಿಗರಿ ಬಸ್ಸು ಇದೆಯಲ್ಲ, ಅದಕ್ಕೇ ಅಂತ ಬೇರೆ ರಸ್ತೆ, ತಣ್ಣನೆ ಎಸಿ. ದೂರು ಹೇಳುವ ಹಾಗೇ ಇಲ್ಲ. ಒಂದು ಇಳಿದರೆ ಇನ್ನೊಂದು ರೆಡಿ. ಸಂಜೆ ಬೇಗನೆ ಮನೆ ಮುಟ್ಟುತ್ತಿದ್ದೆ. ಬೇಗ ಮುಟ್ಟಿ ಏನು ಮಾಡುತ್ತಿದ್ದೆ? ಅಡುಗೆಮನೆಯಲ್ಲಿ ನಿಂತು ಪಲ್ಲೆ ಸೋಸುತ್ತಿದ್ದೆ. ಎರಡು ತಿಂಗಳಿಗೆ ನನಗೆ ಯಾಕೋ ಸಿಟ್ಟು ಜಾಸ್ತಿಯಾಗಿದೆ ಅಂತ ಮಗಳು ಹೇಳಿದಳು.

ಸರಿ, ರೈಲು ಬಂತು, ಪಾಸು ಬಂತು. ಪಾಸಿನ ಲೆಕ್ಕ ಗೊತ್ತಿಲ್ಲದವರಿಗೆ ಹೇಳುತ್ತೇನೆ. ತಿಂಗಳ ಪಾಸಿಗೆ ಹೆಚ್ಚು ಕಡಿಮೆ ಹದಿನೈದು ಸಲದ ಟಿಕೆಟ್ಟಿನ ದುಡ್ಡು. ಮೂರು ತಿಂಗಳದ್ದು ಒಟ್ಟಿಗೆ ತೆಗೆದರೆ ಇನ್ನೂ ಸ್ವಲ್ಪ ಉಳಿಯುತ್ತದೆ. ನನ್ನ ದೂರಕ್ಕೆ ದಿನದ ಲೆಕ್ಕ ಹಾಕಿದರೆ ಎರಡು ಚಹಾದ ದುಡ್ಡೂ ಆಗುವುದಿಲ್ಲ. ಈಗ ಮೊಬೈಲಿನಲ್ಲೇ ತೆಗೆಯಬಹುದು, ಕೌಂಟರಿನ ಸರದಿ ಇಲ್ಲ.

ಆದರೆ ನಾನು ಮರಳಿ ಬರುವ ಹೊತ್ತಿಗೆ ಇಲ್ಲಿ ಕೆಲಸ ಜೋರಾಗಿ ನಡೆದಿತ್ತು. ಗದಗ ಕಡೆ ಹಳಿ ಜೋಡಿಯಾಯಿತು. ತಲೆಯ ಮೇಲೆ ಕರೆಂಟಿನ ತಂತಿ ಬಂತು. ಪ್ಲಾಟ್‌ಫಾರ್ಮ್‌ಗಳು ಐದರಿಂದ ಎಂಟಾದವು. 2023ರ ಮಾರ್ಚ್ 12ಕ್ಕೆ ಪ್ರಧಾನಿ ಮೋದಿಯವರು ಆ ಎಂಟನೇ ಪ್ಲಾಟ್‌ಫಾರ್ಮನ್ನು ದೇಶಕ್ಕೆ ಒಪ್ಪಿಸಿದರು. ಅದೇ ವರ್ಷ ಜೂನ್ 27ಕ್ಕೆ ಧಾರವಾಡ ಬೆಂಗಳೂರು ವಂದೇ ಭಾರತ್ ಬಂತು. ಎಲ್ಲರಿಗೂ ಖುಷಿ. ನನಗೂ ಖುಷಿಯೇ, ಹುಬ್ಬಳ್ಳಿಯ ಹೆಸರು ಗಿನ್ನೆಸ್ ಪುಸ್ತಕದಲ್ಲಿ ಇದೆ ಅಂದರೆ ಯಾರಿಗೆ ಬೇಡ? ಗೋರಖ್‌ಪುರದ 1,366 ಮೀಟರಿನ ಪ್ಲಾಟ್‌ಫಾರ್ಮ್ ಹಿಂದೆ ಬಿತ್ತು, ನಮ್ಮದು 1,507 ಮೀಟರ್.

ಎಲ್ಲ ಸುಧಾರಿಸಿತು. ನನ್ನ ಮುಕ್ಕಾಲು ತಾಸು ಹೋಯಿತು.

ಈಗ ಕ್ರಾಸಿಂಗ್ ಇಲ್ಲ. ಆ ಗಾಡಿ ಇಳಿದರೆ ಈ ಗಾಡಿಗೆ ಕಾಲು ತಾಸು. ಕೆಲವು ದಿನ ಅದೂ ಇಲ್ಲ. ಕಾಲು ತಾಸಿನಲ್ಲಿ ಒಂದು ಕಟ್ಟು ಮೆಂತೆ ಆಗುವುದಿಲ್ಲ, ಚಪ್ಪಲಿ ಬಿಡುವುದು ದೂರ ಉಳಿಯಿತು. ರೈಲು ಸಮಯಕ್ಕೆ ಸರಿಯಾಗಿ ಬರುತ್ತದೆ ಅಂತ ಗೊಣಗುವ ಪ್ರಯಾಣಿಕಳು ನಾನೊಬ್ಬಳೇ ಇರಬೇಕು. ಇದನ್ನು ಯಾರ ಮುಂದೆ ಹೇಳಿಕೊಳ್ಳಲಿ?

ಕಾಯುವುದು ಕಡಿಮೆಯಾದಷ್ಟೂ ನಡೆಯುವುದು ಜಾಸ್ತಿಯಾಯಿತು. 22 ಬೋಗಿಯ ಒಂದು ಗಾಡಿ ಅರ್ಧ ಕಿಲೋಮೀಟರಿಗಿಂತ ತುಸು ಉದ್ದ ಇರುತ್ತದೆ. ಅಂಥವು ಎರಡು ಸಾಲಾಗಿ ನಿಂತರೂ ಎಂಟನೇ ಪ್ಲಾಟ್‌ಫಾರ್ಮಿನಲ್ಲಿ ಇನ್ನೂ ಸುಮಾರು ನಾನೂರು ಮೀಟರ್ ಖಾಲಿ. ಆ ತುದಿಗೆ ಒಂದು, ಈ ತುದಿಗೆ ಒಂದು ಗಾಡಿ ನಿಲ್ಲಿಸಬಹುದು ಅಂತಲೇ ಹಾಗೆ ಕಟ್ಟಿದ್ದು. ಬುದ್ಧಿವಂತಿಕೆಯೇ. ಆದರೆ ಈ ತುದಿಯಿಂದ ಆ ತುದಿಗೆ ನನ್ನ ನಡಿಗೆಯಲ್ಲಿ ಇಪ್ಪತ್ತು ನಿಮಿಷ. ಡಾಕ್ಟರು ನನಗೆ ಸಕ್ಕರೆ ಕಾಯಿಲೆಗೆ ದಿನಾ ಅರ್ಧ ತಾಸು ನಡೆಯಿರಿ ಅಂದಿದ್ದರು. ಪಲ್ಲೆ ಚೀಲ ಹಿಡಿದು ಅಂದಿರಲಿಲ್ಲ.

ಕಳೆದ ಚಳಿಗಾಲದ ಒಂದು ಸಂಜೆ ನಮ್ಮ ಗಾಡಿ ಎಂಟಕ್ಕೇ ಅಂದರು. ಮೈಕಿನವಳು ಸರಿಯಾಗಿಯೇ ಹೇಳಿರಬೇಕು. ತಪ್ಪು ನನ್ನದೇ. ನಾನು ಈ ತುದಿಯಲ್ಲಿ ಕೂತು ಪುಂಡಿ ಪಲ್ಲೆ ಬಿಚ್ಚಿಬಿಟ್ಟೆ. ಎಲೆ ಹರಿಯುವುದು ತಾನೆ, ಬೇಗ ಆಗುತ್ತದೆ ಅಂದುಕೊಂಡೆ. ಬೆನ್ನಿಗೆ ಏನೂ ತಾಗಲಿಲ್ಲ. ಕರೆಂಟಿನ ಎಂಜಿನ್ ಬೆಕ್ಕಿನ ಹಾಗೆ ಬರುತ್ತದೆ, ಅದು ನನಗೆ ತಲೆಯಲ್ಲೇ ಇರಲಿಲ್ಲ. ತಲೆ ಎತ್ತಿದಾಗ ನಮ್ಮ ಗಾಡಿ ಆ ತುದಿಯಲ್ಲಿ ನಿಂತಿದೆ, ಬೆಂಕಿಪೊಟ್ಟಣದಷ್ಟು ಕಾಣುತ್ತಿದೆ. ಚಪ್ಪಲಿ ಒಂದು ಕಾಲಿಗೆ ಸಿಕ್ಕಿತು, ಒಂದು ಬೆಂಚಿನ ಕೆಳಗೆ. ಓಡಿದೆ. ಐವತ್ತು ಹತ್ತಿರವಾದವಳು ಸೀರೆಯಲ್ಲಿ ಎಷ್ಟು ಓಡಬಹುದೋ ಅಷ್ಟು. ಚಹಾದ ಹುಡುಗ ಹಿಂದಿನಿಂದ ಕೂಗಿದ. "ಅಕ್ಕಾರ, ಬಿಡ್ರಿ, ಸಿಗೂದುಲ್ಲ! ಪಲ್ಲೆ ಬೀಳಾಕತ್ತೈತಿ!"

ಗಾಡಿ ಹೋಯಿತು. ನಾನು ಆ ತುದಿಯವರೆಗೂ ಬಂದುಬಿಟ್ಟಿದ್ದೆ. ಮರಳಿ ನಡೆಯಲು ಕಾಲಲ್ಲಿ ಕಸುವಿರಲಿಲ್ಲ. ಅಲ್ಲೇ ಕೂತೆ.

ಆ ತುದಿಗೆ ಯಾರೂ ಬರುವುದಿಲ್ಲ, ಅದು ನನಗೆ ಅವತ್ತೇ ಗೊತ್ತಾಗಿದ್ದು. ಅಂಗಡಿಯಿಲ್ಲ, ಸಾಮಾನಿನ ರಾಶಿಯಿಲ್ಲ. ಮೈಕಿನ ದನಿ ಪಕ್ಕದ ಊರಿನ ಜಾತ್ರೆಯಿಂದ ಕೇಳಿದಷ್ಟು ಸಣ್ಣಗೆ. ಗಾಳಿ ಮಾತ್ರ ಧಾರಾಳ. ದೂರದಲ್ಲಿ ಸಿಗ್ನಲ್ಲಿನ ಕೆಂಪು, ಆಚೆ ಹಳಿಯಲ್ಲಿ ಒಂದು ಗೂಡ್ಸ್ ಗಾಡಿ ಸುಮ್ನೆ ನಿಂತಿತ್ತು. ಡ್ಯೂಟಿ ಮುಗಿಸಿದ ಇಬ್ಬರು ಲೋಕೊ ಪೈಲಟ್‌ಗಳು ಚಕ್ರದ ಚೀಲ ಎಳೆದುಕೊಂಡು ಮಾತಿಲ್ಲದೆ ನಡೆದು ಹೋದರು. ಮುಂದಿನ ಗಾಡಿಗೆ ಒಂದು ತಾಸು ನಲವತ್ತು ನಿಮಿಷ ಇತ್ತು. ಉಳಿದ ಒಂದು ಚಪ್ಪಲಿಯನ್ನೂ ಬಿಟ್ಟೆ. ಚೀಲದಲ್ಲಿ ಉಳಿದಿದ್ದ ಪುಂಡಿ ಪಲ್ಲೆ ಪೂರ್ತಿ ಸೋಸಿದೆ. ಅದು ಮುಗಿದ ಮೇಲೂ ಸಮಯ ಮಿಕ್ಕಿತ್ತು. ಏನೂ ಮಾಡಲಿಲ್ಲ. (ಬೆಂಚಿನ ಕೆಳಗಿನ ಚಪ್ಪಲಿಯನ್ನು ಆ ಹುಡುಗ ಎತ್ತಿಟ್ಟಿದ್ದ. ಮರುದಿನ ಕೊಟ್ಟ.)

ಆಮೇಲಿಂದ ನನ್ನ ಸಿಟ್ಟು ಸ್ವಲ್ಪ ಇಳಿದಿದೆ. ಹೊಸದಾಗಿ ಪಾಸ್ ತೆಗೆಯುವವರಿಗೆ ನಾನು ಹೇಳುವುದು ಇಷ್ಟು. ಎಂಟನೇ ಪ್ಲಾಟ್‌ಫಾರ್ಮ್ ಅಂದರೆ ಯಾವ ತುದಿ ಅಂತ ಕೇಳಿಕೊಂಡೇ ಹೊರಡಿ. ಎಂಜಿನ್ ಸದ್ದು ನಂಬಬೇಡಿ, ಬೋರ್ಡು ನೋಡಿ. ಚಹಾವನ್ನು ಈ ಕಡೆಯೇ ಕುಡಿದು ಹೋಗಿ. ನೀರಿನ ಬಾಟಲಿ ಮನೆಯಿಂದ ತನ್ನಿ. ರೈಲ್ ನೀರ್ 15 ರೂಪಾಯಿ ಇದ್ದದ್ದು 2025ರಲ್ಲಿ 14 ಆಯಿತು, ಒಳ್ಳೆಯದೇ. ಆದರೆ ಒಂದು ರೂಪಾಯಿ ಚಿಲ್ಲರೆ ಯಾವತ್ತೂ ಇಲ್ಲದ ಅಂಗಡಿಯೊಂದಿದೆ. ಯಾವುದು ಅಂತ ಹೇಳಲ್ಲ. ಅಲ್ಲಿ ಕೊಟ್ಟ ಚಾಕ್ಲೇಟು ನನ್ನ ಪರ್ಸಿನಲ್ಲಿ ಹನ್ನೊಂದು ಇವೆ, ನನಗೋ ಸಕ್ಕರೆ ಕಾಯಿಲೆ.

ಸ್ಟಾರ್: ಐದಕ್ಕೆ ನಾಲ್ಕು. ಸಮಯಕ್ಕೆ ಸರಿಯಾಗಿ ಬರುವುದಕ್ಕೆ ಒಂದು ಕಡಿಮೆ ಮಾಡಿದ್ದೇನೆ. ಇದು ನ್ಯಾಯವಲ್ಲ ಅಂತ ನನಗೂ ಗೊತ್ತು.

ಈಗ ಶುಕ್ರವಾರ ನಾನು ಒಂದು ಗಾಡಿ ಬಿಟ್ಟುಬಿಡುತ್ತೇನೆ. ಬೇಕಂತಲೇ. ಧಾರವಾಡದಿಂದ ಇಳಿದು, ಚಹಾ ಮುಗಿಸಿ, ಎಂಟರ ಆ ತುದಿಗೆ ನಡೆಯುತ್ತೇನೆ. ಡಾಕ್ಟರು ಹೇಳಿದ್ದರಲ್ಲಿ ಇಪ್ಪತ್ತು ನಿಮಿಷ ಅಲ್ಲಿಗೆ ಮುಗಿಯಿತು. ನಮ್ಮ ಗಾಡಿ ಹೋಗುವುದನ್ನು ಕೂತು ನೋಡುತ್ತೇನೆ. ಅಷ್ಟೊತ್ತಿಗೆ ಮನೆಯವರ ಫೋನು ಬರುತ್ತದೆ.

"ಎಲ್ಲಿ ಅದೀ? ಗಾಡಿ ಲೇಟ್ ಐತೇನು?"

"ಹೂಂನ್ರೀ. ಕ್ರಾಸಿಂಗ್ ಐತಿ."

ಅವರು ರೈಲು ಹತ್ತಿ ಹದಿನೈದು ವರ್ಷ ಆಯಿತು. ಹಳಿ ಜೋಡಿಯಾದದ್ದು ಅವರಿಗೆ ಇನ್ನೂ ಗೊತ್ತಿಲ್ಲ.