ನಾಯಿಯ ಕೊನೆಯ ದಿನಗಳ ಖರ್ಚು: ಎರಡು ವಿಮೆ, ಒಂದು ಆರ್‌ಡಿ

ನಮ್ಮ ಚಿಕ್ಕಬಳ್ಳಾಪುರದಲ್ಲಿ ಹಸುವಿಗೆ ಇನ್ಶೂರೆನ್ಸ್ ಮಾಡಿಸಿದ್ದೀವಿ ಅಂದರೆ ಯಾರಿಗೂ ಆಶ್ಚರ್ಯ ಆಗಲ್ಲ. ನಾಯಿಗೆ ಅಂದರೆ ಮಾತ್ರ ಈಗಲೂ ಎರಡು ಸಲ ಕೇಳುತ್ತಾರೆ. ನಮ್ಮ ಮನೆಯಲ್ಲಿ ಮೂರು ನಾಯಿಗಳು ಕಾಯಿಲೆ ಬಿದ್ದು ಹೋಗಿವೆ. ಮೂರರ ಖರ್ಚಿಗೂ ಬೇರೆ ಬೇರೆ ದಾರಿ ಇತ್ತು. ತೋಟ ಕಾಯುತ್ತಿದ್ದ ಜರ್ಮನ್ ಶೆಫರ್ಡ್ ರಾಜನಿಗೆ ಸರ್ಕಾರಿ ವಿಮಾ ಕಂಪನಿಯ ಪಾಲಿಸಿ. ಲ್ಯಾಬ್ರಡಾರ್ ಚಿನ್ನಿಗೆ ಖಾಸಗಿ ಕಂಪನಿಯ ಪಾಲಿಸಿ. ನಾಟಿ ನಾಯಿ ಕರಿಯನಿಗೆ ಪೋಸ್ಟಾಫೀಸಿನ ಆರ್‌ಡಿ.

ಯಾವುದು ಒಳ್ಳೆಯದು ಅಂತ ಪರಿಚಯದವರು ಕೇಳುತ್ತಲೇ ಇರುತ್ತಾರೆ. ಇನ್ನು ಗುಣ ಆಗಲ್ಲ ಅಂತ ಡಾಕ್ಟ್ರು ಹೇಳಿದ ದಿನದಿಂದ ಮಣ್ಣು ಮಾಡುವ ದಿನದವರೆಗಿನ ಖರ್ಚನ್ನು ಮಾತ್ರ ಇಟ್ಟುಕೊಂಡು ಇಲ್ಲಿ ಹೋಲಿಸಿದ್ದೀನಿ. ನಾಯಿ ಕಳೆದುಹೋಗುವುದು, ಯಾರನ್ನೋ ಕಚ್ಚುವುದು, ಇವಕ್ಕೂ ಪಾಲಿಸಿಗಳಲ್ಲಿ ಭಾಗಗಳಿವೆ. ಅದರ ವಿಷಯ ಇಲ್ಲಿ ಬೇಡ.

ಕೊನೆಯ ಖರ್ಚು ಅಂದ ತಕ್ಷಣ ತುಂಬಾ ಜನರ ಮನಸ್ಸಿಗೆ ಬರುವುದು ನಾಯಿ ನರಳದೆ ಹೋಗಲಿ ಅಂತ ಡಾಕ್ಟರಿಂದ ಕೊಡಿಸುವ ಆ ಕೊನೇ ಇಂಜೆಕ್ಷನ್. ನಮ್ಮ ಮೂರೂ ನಾಯಿಗಳ ಲೆಕ್ಕದಲ್ಲಿ ಅತಿ ಚಿಕ್ಕ ಖರ್ಚು ಅದೇ. ದುಡ್ಡು ಕರಗುವುದು ಅದಕ್ಕೆ ಮುಂಚಿನ ವಾರಗಳಲ್ಲಿ. ರಕ್ತ ಪರೀಕ್ಷೆ, ಸ್ಕ್ಯಾನು, ಡ್ರಿಪ್ಪು, ನೋವಿನ ಮಾತ್ರೆ, ವಾಂತಿ ನಿಲ್ಲಿಸುವ ಇಂಜೆಕ್ಷನ್, ಬೆಂಗಳೂರಿಗೆ ಹೋಗಿಬರುವ ಕಾರಿನ ಬಾಡಿಗೆ, ರಾತ್ರಿ ಹೊತ್ತು ಮನೆಗೆ ಬರುವ ಡಾಕ್ಟರ ಫೀಸು. ಇದರಲ್ಲಿ ಮುಕ್ಕಾಲು ಪಾಲು ನಾಯಿಯನ್ನು ಆಸ್ಪತ್ರೆಗೆ ಸೇರಿಸದೆ ಆಗುವ ಖರ್ಚು. ವಿಮೆಯವರ ಮಾತಿನಲ್ಲಿ ಇದು ಓಪಿಡಿ. ಈ ಒಂದು ಪದವನ್ನು ನೆನಪಿಟ್ಟುಕೊಂಡು ಮುಂದೆ ಓದಿ.

ರಾಜನ ಪಾಲಿಸಿ ಮಾಡಿಸಿದ್ದು ನಮ್ಮ ಹಸುಗಳಿಗೆ ಮಾಡಿಸುತ್ತಿದ್ದ ಏಜೆಂಟೇ. ಹಸು ಪಾಲಿಸಿಯ ಅಚ್ಚಿನಲ್ಲೇ ಅದೂ ಇತ್ತು. ಡಾಕ್ಟ್ರು ನಾಯಿಯನ್ನು ನೋಡಿ ಒಂದು ಬೆಲೆ ಬರೆದುಕೊಡುತ್ತಾರೆ, ಆ ಬೆಲೆಗೆ ವಿಮೆ. ನಮಗೆ ಬರೆದಿದ್ದು ಇಪ್ಪತ್ತು ಸಾವಿರ, ಪ್ರೀಮಿಯಂ ವರ್ಷಕ್ಕೆ ಒಂದು ಸಾವಿರದ ಚಿಲ್ಲರೆ. ಗುರುತಿಗೆ ಹಸುವಿಗೆ ಕಿವಿಯಲ್ಲಿ ಓಲೆ, ಇವನಿಗೆ ನಾಲ್ಕು ಕಡೆಯಿಂದ ಫೋಟೋ. ಎಂಟು ವರ್ಷ ತುಂಬಿದ ಮೇಲೆ ಪಾಲಿಸಿ ಇಲ್ಲ. ಕಾಯಿಲೆಯಿಂದಲೋ ಅಪಘಾತದಿಂದಲೋ ಸತ್ತರೆ ದುಡ್ಡು ಬರುತ್ತದೆ, ಚಿಕಿತ್ಸೆಗೆ ಒಂದು ರೂಪಾಯಿಯೂ ಇಲ್ಲ.

ಏಳು ದಾಟಿದಾಗ ರಾಜನ ಮುಂಗಾಲು ಊದಿತು. ಹೆಬ್ಬಾಳದ ಪಶುವೈದ್ಯಕೀಯ ಕಾಲೇಜಿನ ಆಸ್ಪತ್ರೆಗೆ ಕರೆದುಕೊಂಡು ಹೋದೆವು. ನಮ್ಮೂರಿನವರಿಗೆ ಅದೊಂದು ಅನುಕೂಲ. ಬೆಂಗಳೂರು ಊರೊಳಗೆ ಹೋಗುವುದೇ ಬೇಡ, ದೇವನಹಳ್ಳಿ ದಾಟಿ ಹೈವೇಯಲ್ಲೇ ನೇರ ಸುಮಾರು 50 ಕಿ.ಮೀ. ಎಕ್ಸ್‌ರೇಯಲ್ಲಿ ಮೂಳೆ ಕ್ಯಾನ್ಸರ್ ಅಂತ ಗೊತ್ತಾಯಿತು. ದೊಡ್ಡ ಜಾತಿಯ ನಾಯಿಗಳಲ್ಲಿ ಇದು ಜಾಸ್ತಿ. ಕಾಲು ತೆಗೆಯಬಹುದು ಅಂದರು. ಅವನ ಸೊಂಟ ಆಗಲೇ ಸೋತಿತ್ತು, ಮೂರು ಕಾಲಿನ ಮೇಲೆ ಅವನು ನಿಲ್ಲುತ್ತಿರಲಿಲ್ಲ. ಬೇಡ ಅಂದೆವು. ಆಮೇಲಿನ ನೋವಿನ ಔಷಧಿಯೆಲ್ಲ ಕೈಯಿಂದಲೇ.

ಏಜೆಂಟ್ ಮಾತ್ರ ಒಂದು ಒಳ್ಳೆ ಮಾತು ಹೇಳಿದ್ದರು. "ಅಕ್ಕಾ, ಇಂಜೆಕ್ಷನ್ ಕೊಡಿಸೋಕೆ ಮುಂಚೆ ನಂಗೊಂದು ಫೋನ್ ಮಾಡಿ. ಮಣ್ಣು ಮಾಡಿದ ಮೇಲೆ ಹೇಳಿದ್ರೆ ಏನೂ ಮಾಡಕ್ಕಾಗಲ್ಲ." ಇಂಥ ಪಾಲಿಸಿಗಳಲ್ಲಿ ಬೇಕಂತಲೇ ಕೊಂದ ಪ್ರಾಣಿಗೆ ಪರಿಹಾರ ಇಲ್ಲ ಅಂತ ಒಂದು ಸಾಲು ಇರುತ್ತದೆ. ಅದರ ಜೊತೆಗೇ ಒಂದು ವಿನಾಯಿತಿಯೂ ಇರುತ್ತದೆ: ಗುಣವಾಗದ ನರಳಾಟವನ್ನು ಕೊನೆಗಾಣಿಸಲು ಅಂತ ಪಶುವೈದ್ಯರು ಸರ್ಟಿಫಿಕೇಟ್ ಕೊಟ್ಟಿದ್ದರೆ ಪರಿಹಾರ ಸಿಗುತ್ತದೆ. ಆ ಕಾಗದ ಇಂಜೆಕ್ಷನ್‌ಗೆ ಮುಂಚೆಯೇ ಕೈಯಲ್ಲಿರಬೇಕು.

ಇನ್ನೊಂದು ಷರತ್ತು ಮರಣೋತ್ತರ ಪರೀಕ್ಷೆ. ತೋಟದಲ್ಲೇ ಮಾಡಿದರು. ಹಸುವಿಗೆ ಮಾಡುವುದನ್ನು ಎಷ್ಟೋ ಸಲ ನೋಡಿದ್ದೀನಿ, ರಾಜನಿಗೆ ಮಾಡುವಾಗ ಅಲ್ಲಿ ನಿಲ್ಲಲು ಆಗಲಿಲ್ಲ. ಈ ಪಾಲಿಸಿ ತೆಗೆದುಕೊಳ್ಳುವವರು ಮೊದಲೇ ಮನಸ್ಸು ಗಟ್ಟಿ ಮಾಡಿಕೊಂಡಿರಬೇಕು. ವಯಸ್ಸಾಗಿದೆ ಅಂತ ಬೆಲೆ ಕಡಿಮೆ ಮಾಡಿ, ಕೆಲವು ತಿಂಗಳಾದ ಮೇಲೆ ಹದಿನೈದು ಸಾವಿರ ಕೊಟ್ಟರು. ನಮ್ಮ ಖರ್ಚು ಹೆಚ್ಚುಕಮ್ಮಿ ಅಷ್ಟೇ ಆಗಿತ್ತು, ಲೆಕ್ಕ ಸರಿಹೋಯಿತು. ಆದರೆ ಅವನಿಗೆ ದುಡ್ಡು ಬೇಕಿದ್ದಾಗ ಅದು ಇರಲಿಲ್ಲ. ಇಪ್ಪತ್ತು ಸಾವಿರ ಬರುತ್ತದೆ ಅಂತ ನಂಬಿಕೊಂಡು ಔಷಧಿಗೆ ಸಾಲ ಮಾಡುವವರಿಗೆ ಇದು ಆಗಿಬರಲ್ಲ.

ಅಂದಹಾಗೆ, ರಾಷ್ಟ್ರೀಯ ಜಾನುವಾರು ಮಿಷನ್ನಿನಲ್ಲಿ 2024ರ ಬದಲಾವಣೆ ಆದ ಮೇಲೆ ರೈತರು ಜಾನುವಾರು ವಿಮೆಯ ಪ್ರೀಮಿಯಂನಲ್ಲಿ 15% ಕಟ್ಟಿದರೆ ಸಾಕು, ಉಳಿದದ್ದು ಸರ್ಕಾರದ್ದು. ಹಸು, ಎಮ್ಮೆ, ಕುರಿ, ಮೇಕೆ, ಕತ್ತೆ, ಮೊಲದವರೆಗೂ ಆ ಪಟ್ಟಿಯಲ್ಲಿವೆ. ನಾಯಿ ಇಲ್ಲ. ರಾತ್ರಿಯೆಲ್ಲ ಎದ್ದು ಕುರಿಮಂದೆ ಕಾಯುವ ನಾಯಿಗಾದರೂ ಇರಬೇಕಿತ್ತು ಅಂತ ನನಗೆ ಬಲವಾಗಿ ಅನ್ನಿಸುತ್ತದೆ.

ಚಿನ್ನಿಯ ಕಥೆ ಬೇರೆ. 2021ರಲ್ಲಿ, ಅವಳಿಗೆ ಆರು ವರ್ಷ ಇದ್ದಾಗ, ಖಾಸಗಿ ಕಂಪನಿಯ ಪಾಲಿಸಿ ತೆಗೆದುಕೊಂಡೆವು. ಇನ್ನೊಂದು ವರ್ಷ ತಡವಾಗಿದ್ದರೆ ಸಿಗುವುದೇ ಕಷ್ಟ ಇತ್ತು. ಆ ಪಾಲಿಸಿಗೆ ಹೊಸದಾಗಿ ಸೇರಲು ಏಳು ವರ್ಷ, ನವೀಕರಣಕ್ಕೆ ಹತ್ತು ವರ್ಷ ಕೊನೆ. ತುಂಬಾ ದೊಡ್ಡ ಜಾತಿಗಳಿಗೆ ಇನ್ನೂ ಬೇಗ ಬಾಗಿಲು ಮುಚ್ಚುತ್ತದೆ. ಪ್ರೀಮಿಯಂ ವರ್ಷಕ್ಕೆ ನಾಲ್ಕು ಸಾವಿರದ ಚಿಲ್ಲರೆ, ಅದರ ಮೇಲೆ 18% ಜಿಎಸ್‌ಟಿ. ಆಪರೇಷನ್ ಮತ್ತು ಅಡ್ಮಿಷನ್‌ಗೆ ನಲವತ್ತು ಸಾವಿರದವರೆಗೆ, ಸತ್ತರೆ ಇಪ್ಪತ್ತು ಸಾವಿರ. ಓಪಿಡಿಗೆ ಬೇರೆ ಪ್ರೀಮಿಯಂ ಕೇಳಿದರು. ಅದರ ಮಿತಿ ನೋಡಿದರೆ ಕಟ್ಟುವುದೂ ಸಿಗುವುದೂ ಹತ್ತಿರ ಹತ್ತಿರ ಒಂದೇ. ತೆಗೆದುಕೊಳ್ಳಲಿಲ್ಲ.

2024ರಲ್ಲಿ ಒಂದು ಸಂಜೆ ಚಿನ್ನಿ ಇದ್ದಕ್ಕಿದ್ದಂತೆ ಕುಸಿದು ಬಿದ್ದಳು. ವಸಡು ಬಿಳಿಚಿಕೊಂಡಿತ್ತು. ಸ್ಕ್ಯಾನ್ ಮಾಡಿದರೆ ಗುಲ್ಮದಲ್ಲಿ (ಸ್ಪ್ಲೀನ್) ಗೆಡ್ಡೆ, ಅದು ಒಡೆದು ಹೊಟ್ಟೆಯೊಳಗೆ ರಕ್ತ ಸೋರುತ್ತಿತ್ತು. ಬೆಂಗಳೂರಿನ ಒಂದು ಖಾಸಗಿ ಆಸ್ಪತ್ರೆಯಲ್ಲಿ ಆ ರಾತ್ರಿಯೇ ಆಪರೇಷನ್. ಬಿಲ್ಲು ಅರವತ್ತು ಸಾವಿರ ದಾಟಿತು. ಮಿತಿಯ ನಲವತ್ತು ಸಾವಿರದಲ್ಲಿ ನಮ್ಮ ಪಾಲು 10% ಕಳೆದು ಕಂಪನಿಯಿಂದ ಮೂವತ್ತಾರು ಸಾವಿರ ಬಂತು. ಆ ರಾತ್ರಿ ದುಡ್ಡಿನ ಯೋಚನೆ ಮಾಡದೆ ಸರಿ, ಮಾಡಿ ಅಂತ ಹೇಳಲು ಸಾಧ್ಯ ಆಗಿದ್ದು ಈ ಪಾಲಿಸಿಯಿಂದಲೇ. ಇದನ್ನು ನಾನು ಯಾವತ್ತೂ ಮರೆಯಲ್ಲ.

ಗೆಡ್ಡೆಯ ತುಂಡು ಪರೀಕ್ಷೆಗೆ ಹೋಯಿತು. ಹೆಮಾಂಜಿಯೋಸಾರ್ಕೋಮಾ ಅಂತ ಬಂತು. ರಕ್ತನಾಳದ ಕ್ಯಾನ್ಸರ್, ಲ್ಯಾಬ್ರಡಾರ್‌ಗಳಲ್ಲೂ ಜರ್ಮನ್ ಶೆಫರ್ಡ್‌ಗಳಲ್ಲೂ ಕಾಣಿಸುತ್ತದೆ. ಆಪರೇಷನ್ ಒಂದೇ ಮಾಡಿ ಬಿಟ್ಟರೆ ಸಾಮಾನ್ಯವಾಗಿ ಒಂದರಿಂದ ಮೂರು ತಿಂಗಳು. ಚಿನ್ನಿ ಅಷ್ಟೇ ಇದ್ದಳು, ಚೆನ್ನಾಗೇ ಇದ್ದಳು, ಬಾಳೆಹಣ್ಣು ಕದ್ದು ತಿಂದುಕೊಂಡು. ಆ ಅವಧಿಯ ರಕ್ತ ಪರೀಕ್ಷೆ, ಮರು ಸ್ಕ್ಯಾನು, ಡಾಕ್ಟ್ರು ಮನೆಗೆ ಬಂದಿದ್ದು ಎಲ್ಲ ಓಪಿಡಿ. ಎಲ್ಲ ನಮ್ಮದೇ. ಇಪ್ಪತ್ತು ಸಾವಿರದ ಹತ್ತಿರ ಆಯಿತು.

ಕೊನೆಗೆ ಮನೆಯಲ್ಲೇ ಇಂಜೆಕ್ಷನ್ ಕೊಡಿಸಿದೆವು. ಕ್ಲೇಮಿಗೆ ಕೇಳಿದ ಕಾಗದಗಳು: ಡಾಕ್ಟರ ಸಲಹಾ ಪತ್ರ, ತುಂಡಿನ ರಿಪೋರ್ಟು, ಬಿಲ್ಲುಗಳ ಅಸಲಿ ಪ್ರತಿ, ಗುರುತಿಗೆ ಚರ್ಮದಡಿ ಹಾಕಿಸಿದ ಮೈಕ್ರೋಚಿಪ್ಪಿನ ನಂಬರು, ಲಸಿಕೆ ಪುಸ್ತಕ. ರೋಗದ ರಿಪೋರ್ಟು ಇದ್ದುದರಿಂದ ಮರಣೋತ್ತರ ಪರೀಕ್ಷೆ ಕೇಳಲಿಲ್ಲ. ಅದು ನಮಗೆ ದೊಡ್ಡ ನೆಮ್ಮದಿ. ತೊಂದರೆ ಬಂದಿದ್ದು ಲಸಿಕೆ ಪುಸ್ತಕದಿಂದ. ಒಂದು ವರ್ಷದ ತಾರೀಕು ಮಸುಕಾಗಿದೆ ಅಂತ ಫೈಲು ನಿಲ್ಲಿಸಿದರು. ಅವಳು ಸತ್ತಿದ್ದು ಕ್ಯಾನ್ಸರ್‌ನಿಂದ, ಲಸಿಕೆಗೂ ಅದಕ್ಕೂ ಏನು ಸಂಬಂಧ ಅಂತ ಸಿಟ್ಟು ಬಂತು. ಆದರೆ ಪ್ರತಿ ವರ್ಷ ಲಸಿಕೆ ಹಾಕಿಸಿರಬೇಕು ಅನ್ನುವುದು ಪಾಲಿಸಿಯ ಷರತ್ತು. ಲಸಿಕೆ ಹಾಕಿದ ಕ್ಲಿನಿಕ್ಕಿನಿಂದ ಪತ್ರ ತಂದುಕೊಟ್ಟ ಮೇಲೆ ಇಪ್ಪತ್ತು ಸಾವಿರ ಬಂತು.

ಆಗಲೂ ಕೊಡದಿದ್ದರೆ ಏನು ಮಾಡಬೇಕು ಅಂತ ನಮ್ಮ ಮನೆಯವರು ವಿಚಾರಿಸಿ ಇಟ್ಟಿದ್ದರು. ಮೊದಲು ಕಂಪನಿಯ ದೂರು ಅಧಿಕಾರಿಗೇ ಬರೆಯಬೇಕು. ಒಂದು ತಿಂಗಳಲ್ಲಿ ಉತ್ತರ ಬರದಿದ್ದರೆ, ಬಂದ ಉತ್ತರ ಒಪ್ಪಿಗೆ ಆಗದಿದ್ದರೆ, ಬೆಂಗಳೂರಿನ ಜೆ.ಪಿ. ನಗರದ ಜೀವನ್ ಸೌಧದಲ್ಲಿರುವ ವಿಮಾ ಲೋಕಪಾಲರ ಕಚೇರಿ ಇದೆ. ಅಲ್ಲಿ ಫೀಸು ಇಲ್ಲ, ವಕೀಲರು ಬೇಕಿಲ್ಲ. ನಾಯಿಯ ವಿಷಯಕ್ಕೆ ಅಲ್ಲಿಗೆಲ್ಲ ಹೋಗೋದಾ ಅಂತ ಹಿಂಜರಿಯಬೇಡಿ. ಪ್ರೀಮಿಯಂ ಕಟ್ಟಿದ್ದೀರಿ ಅಲ್ವಾ?

ಇನ್ನು ಕರಿಯ. ಪೇಟೆ ಬೀದಿಯಿಂದ ಬಂದವನು. ಬೆಲೆ ಬರೆದು ಮಾಡುವ ಪಾಲಿಸಿಯಲ್ಲಿ ಬೀದಿ ನಾಯಿಗೆ ಏನಂತ ಬೆಲೆ ಬರೆಸುವುದು? ಖಾಸಗಿ ಪಾಲಿಸಿಗಳು ನಾಟಿ ನಾಯಿಗೂ ಸಿಗುತ್ತವೆ, ಆದರೆ ಅವು ಬರುವ ಹೊತ್ತಿಗೆ ಅವನ ವಯಸ್ಸು ಮೀರಿತ್ತು. 2018ರಲ್ಲೇ ಅವನ ಹೆಸರು ಹೇಳಿ ಪೋಸ್ಟಾಫೀಸಿನಲ್ಲಿ ತಿಂಗಳಿಗೆ ಐನೂರರ ಆರ್‌ಡಿ ಶುರು ಮಾಡಿದ್ದೆ. ಐದು ವರ್ಷಕ್ಕೆ ಮೂವತ್ತೈದು ಸಾವಿರ ದಾಟಿ ಕೈಗೆ ಬಂತು. ಅದನ್ನು ಮುಟ್ಟದೆ ಇಟ್ಟೆವು.

ಹದಿಮೂರನೇ ವಯಸ್ಸಿಗೆ ಕರಿಯನ ಕಿಡ್ನಿ ಸೋತಿತು. ನೀರು ಕುಡಿಯುವುದು ಜಾಸ್ತಿ, ತಿನ್ನುವುದು ಕಮ್ಮಿ, ಬಾಯಿ ವಾಸನೆ. ರಕ್ತ ಪರೀಕ್ಷೆಯಲ್ಲಿ ಕಿಡ್ನಿಯ ಸ್ಥಿತಿ ತೋರಿಸುವ ಕ್ರಿಯಾಟಿನಿನ್ ನೋಡಿದ ಸರ್ಕಾರಿ ಆಸ್ಪತ್ರೆಯ ಡಾಕ್ಟ್ರು ಮುಚ್ಚುಮರೆ ಇಲ್ಲದೆ ಹೇಳಿದರು: "ಅಮ್ಮಾ, ಇದು ವಾಪಸ್ ಬರಲ್ಲ. ಇರೋವಷ್ಟು ದಿನ ಆರಾಮಾಗಿ ಇಡೋಣ." ಬೆನ್ನಿನ ಚರ್ಮದಡಿಗೆ ರಿಂಗರ್ ಲ್ಯಾಕ್ಟೇಟ್ ಅನ್ನುವ ಡ್ರಿಪ್ಪು ಹಾಕುವುದನ್ನು ನಮಗೇ ಕಲಿಸಿದರು. ಬಾಟಲಿಯನ್ನು ಕಿಟಕಿ ಸರಳಿಗೆ ನೇತುಹಾಕಿ, ಚರ್ಮ ಎತ್ತಿ ಹಿಡಿದು ಸೂಜಿ ಚುಚ್ಚುವುದು. ಮೊದಮೊದಲು ಕೈ ನಡುಗುತ್ತಿತ್ತು, ಆಮೇಲೆ ಅಭ್ಯಾಸ ಆಯಿತು. ಇದನ್ನು ಕ್ಲಿನಿಕ್ಕಿನಲ್ಲಿ ದಿನಾ ಮಾಡಿಸಿದ್ದರೆ ಖರ್ಚು ಎಷ್ಟೋ ಪಟ್ಟು ಆಗುತ್ತಿತ್ತು. ಅವರೇ ಹೇಳಿದ ಇನ್ನೊಂದು ವಿಷಯ: ಕಿಡ್ನಿ ಕೆಟ್ಟ ನಾಯಿಗೆ ಮನೆಯಲ್ಲಿ ಉಳಿದ ಮೆಲಾಕ್ಸಿಕಾಂ ಥರದ ನೋವಿನ ಮಾತ್ರೆ ಸುಮ್ನೆ ಕೊಡಬಾರದು, ಕಿಡ್ನಿ ಇನ್ನೂ ಬೇಗ ಹಾಳಾಗುತ್ತದೆ.

ಆರ್‌ಡಿ ದುಡ್ಡಿಗೆ ಯಾರೂ ಕಾಗದ ಕೇಳಲಿಲ್ಲ. ಓಪಿಡಿ, ಅಡ್ಮಿಷನ್ ಅನ್ನುವ ಭೇದ ಇಲ್ಲ. ನಾಟಿ, ಜಾತಿ ಅನ್ನುವ ಭೇದ ಇಲ್ಲ. ವಯಸ್ಸಿನ ಮಿತಿ ಇಲ್ಲ. ಒಟ್ಟು ಇಪ್ಪತ್ತೆರಡು ಸಾವಿರ ಆಯಿತು, ಮಿಕ್ಕಿದ್ದು ಈಗಲೂ ಇದೆ. ಕೊರತೆ ಒಂದೇ. ಕರಿಯನಿಗೆ ಮೂರನೇ ವಯಸ್ಸಿನಲ್ಲಿ ಲಾರಿ ತಾಗಿ ಕಾಲು ಮುರಿದಿದ್ದರೆ ಆರ್‌ಡಿಯಲ್ಲಿ ನಾಲ್ಕು ಕಾಸೂ ಇರುತ್ತಿರಲಿಲ್ಲ. ಚಿನ್ನಿಯ ಆ ರಾತ್ರಿಯ ಬಿಲ್ಲನ್ನಂತೂ ಇದು ಪೂರ್ತಿ ತುಂಬಿದ ಮೇಲೂ ತಡೆಯುತ್ತಿರಲಿಲ್ಲ.

ಹಾಗಾಗಿ ಕೊನೆಯ ದಿನಗಳಿಗೆ ಅಂತಲೇ ಕೇಳಿದರೆ ನನ್ನ ಉತ್ತರ ಆರ್‌ಡಿ. ಚಿಕ್ಕ ವಯಸ್ಸಿನ ಆಪರೇಷನ್‌ಗೆ, ಅಪಘಾತಕ್ಕೆ ಖಾಸಗಿ ಪಾಲಿಸಿ. ಸತ್ತರೆ ಮಾತ್ರ ದುಡ್ಡು ಕೊಡುವ ಪಾಲಿಸಿಯನ್ನು ನಾನು ಇನ್ನು ಮಾಡಿಸಲ್ಲ. ದುಬಾರಿ ಬೆಲೆಗೆ ನಾಯಿ ಕೊಂಡು ಮರಿ ಮಾಡಿಸುವವರಿಗೆ ಅದು ಸರಿಹೋಗಬಹುದು. ಈಗ ಮನೆಯಲ್ಲಿರುವ ಗುಂಡನಿಗೆ ಎರಡು ವರ್ಷ. ಅವನಿಗೆ ಖಾಸಗಿ ಪಾಲಿಸಿ ಇದೆ, ಪಕ್ಕದಲ್ಲೇ ಐನೂರರ ಆರ್‌ಡಿ. ಪಾಲಿಸಿ ನಿಲ್ಲುವ ಹತ್ತನೇ ವಯಸ್ಸಿಗೆ ಆರ್‌ಡಿ ಒಂದು ಸುತ್ತು ಮುಗಿದು ಎರಡನೆಯದು ಅರ್ಧ ದಾಟಿರುತ್ತದೆ.

ಯಾವ ದಾರಿ ಹಿಡಿದರೂ ಆ ದಿನ ಡಾಕ್ಟರ ಹತ್ತಿರ ಎರಡು ಮಾತು ಕೇಳಿ. ಒಂದು, ಮೊದಲು ಪೂರ್ತಿ ಮಂಪರು ಬರಿಸಿ, ಆಮೇಲೆ ಕೊನೆಯ ಇಂಜೆಕ್ಷನ್ ಕೊಡುತ್ತೀರಾ ಅಂತ. ಹಾಗೆ ಮಾಡಿದರೆ ನಾಯಿಗೆ ಏನೂ ಗೊತ್ತಾಗಲ್ಲ. ಕಣ್ಣು ತೆರೆದೇ ಇರಬಹುದು, ಅದಕ್ಕೆ ಹೆದರಬೇಡಿ. ಇನ್ನೊಂದು, ಸಲಹಾ ಪತ್ರದಲ್ಲಿ ಕಾಯಿಲೆಯ ಹೆಸರು, ಗುಣವಾಗಲ್ಲ ಅನ್ನುವ ಮಾತು, ತಾರೀಕು, ಅವರ ನೋಂದಣಿ ಸಂಖ್ಯೆ, ಸೀಲು ಐದೂ ಇವೆಯಾ ಅಂತ. ವಿಮೆ ಇದ್ದವರು ಕಂಪನಿಗೆ ಆಗಲೇ ಒಂದು ಮೆಸೇಜ್ ಹಾಕಿ, ಫೋಟೋ ತೆಗೆದಿಟ್ಟುಕೊಳ್ಳಿ. ಸ್ವಂತ ಜಾಗ ಇಲ್ಲದವರಿಗೆ ಬೆಂಗಳೂರಿನ ಕೆಂಗೇರಿ ಕಡೆ ಪೀಪಲ್ ಫಾರ್ ಅನಿಮಲ್ಸ್ ಅನ್ನುವ ಪ್ರಾಣಿದಯಾ ಸಂಸ್ಥೆಯಲ್ಲಿ ಸಾಕುಪ್ರಾಣಿಗಳನ್ನು ಹೂಳಲು ಜಾಗ ಇದೆ. ಹೊರಡುವ ಮುಂಚೆ ಫೋನ್ ಮಾಡಿ ಕೇಳಿಕೊಂಡು ಹೋಗಿ. ಅದರ ರಸೀದಿಯನ್ನೂ ಎಸೆಯಬೇಡಿ, ಕೆಲವು ಪಾಲಿಸಿಗಳಲ್ಲಿ ಆ ಖರ್ಚೂ ಸಿಗುತ್ತದೆ.