ಅಬೆಡ್, ಅಕೋಲ್ಡ್, ಅಟ್ರಿಪ್: ಇಂಗ್ಲಿಷಿನ ಹಳೆಯ 'ಅ' ಬಿಡಿಸಲು 1913ರ ವೆಬ್‌ಸ್ಟರ್

ಕನ್ನಡದ ಕಿವಿಗೆ ಪದದ ಮುಂದಿನ 'ಅ' ಎಂದರೆ 'ಇಲ್ಲ' ಎಂದೇ ಅರ್ಥ. ಅಜ್ಞಾನ, ಅಶಾಂತಿ, ಅನೀತಿ ಕೇಳಿ ಬೆಳೆದ ಕಿವಿ ಅದು. ಶೇಕ್ಸ್‌ಪಿಯರನನ್ನೋ 1611ರ ಕಿಂಗ್ ಜೇಮ್ಸ್ ಬೈಬಲನ್ನೋ ಓದಲು ಕೂತಾಗ ಇದೇ ಅಭ್ಯಾಸ ಕೈಕೊಡುತ್ತದೆ. 'ಕಿಂಗ್ ಲಿಯರ್' ನಾಟಕದಲ್ಲಿ ಟಾಮ್ ಎಂಬ ಹುಚ್ಚನ ವೇಷ ತೊಟ್ಟ ಎಡ್ಗರ್ 'ಪೂರ್ ಟಾಮ್ಸ್ ಅಕೋಲ್ಡ್' ಅನ್ನುತ್ತಾನೆ. ಟಾಮನಿಗೆ ಚಳಿಯಿಲ್ಲ ಎಂದಲ್ಲ, ಅವನು ಚಳಿಗೆ ನಡುಗುತ್ತಿದ್ದಾನೆ. ಇಂಥ ಪದ ಎದುರಾದಾಗ ಮೊದಲು ತೆರೆಯಬೇಕಾದ್ದು ವೆಬ್‌ಸ್ಟರ್ಸ್ ರಿವೈಸ್ಡ್ ಅನ್‌ಅಬ್ರಿಡ್ಜ್ಡ್ ನಿಘಂಟಿನ 1913ರ ಆವೃತ್ತಿ. ಹಕ್ಕುಸ್ವಾಮ್ಯ ಮುಗಿದಿರುವುದರಿಂದ ಪೂರ್ತಿ ಉಚಿತ. ಹಳೆಯ ಪುಸ್ತಕಗಳನ್ನು ಉಚಿತವಾಗಿ ಕೊಡುವ ಪ್ರಾಜೆಕ್ಟ್ ಗುಟೆನ್‌ಬರ್ಗ್ ಜಾಲತಾಣದಲ್ಲಿ ಪಠ್ಯವಾಗಿಯೇ ಸಿಗುತ್ತದೆ. ಇದನ್ನೇ ಬುನಾದಿ ಮಾಡಿಕೊಂಡ ಜಿಸೈಡ್ ಎಂಬ ನಿಘಂಟನ್ನು (ಗ್ನೂ ಎಂಬ ಮುಕ್ತ ತಂತ್ರಾಂಶ ಯೋಜನೆಯದು) ಕಂಪ್ಯೂಟರಿಗೆ ಇಳಿಸಿಕೊಂಡರೆ ಇಂಟರ್‌ನೆಟ್ ಇಲ್ಲದೆಯೂ ಗೋಲ್ಡನ್‌ಡಿಕ್ಟ್ ಎಂಬ ನಿಘಂಟು ತಂತ್ರಾಂಶದಲ್ಲಿ ಹುಡುಕಬಹುದು.

ಈ ನಿಘಂಟಿನ ದೊಡ್ಡ ಗುಣ ಇರುವುದು 'ಎ' ಅಕ್ಷರದಡಿಯ ಪೂರ್ವಪ್ರತ್ಯಯದ ವಿವರಣೆಯಲ್ಲಿ. ಒಂದೇ ಪ್ಯಾರಾದಲ್ಲಿ ಏಳು ಮೂಲಗಳನ್ನು ಎಣಿಸಿ ಕೊಡುತ್ತದೆ. ಮೊದಲನೆಯದು ಆಂಗ್ಲೋ-ಸ್ಯಾಕ್ಸನ್ (ಇಂಗ್ಲಿಷಿನ ಅತಿ ಹಳೆಯ ರೂಪ) ಭಾಷೆಯ 'ಆನ್', ಅಂದರೆ ಮೇಲೆ ಅಥವಾ ಒಳಗೆ. ಅಬೆಡ್ (ಹಾಸಿಗೆಯಲ್ಲಿ), ಅಫುಟ್ (ಕಾಲ್ನಡಿಗೆಯಲ್ಲಿ), ಅಸ್ಲೀಪ್ (ನಿದ್ದೆಯಲ್ಲಿ) ಎಲ್ಲ ಈ ಗುಂಪಿನವು. ನಾವು ಪದದ ಹಿಂದೆ ಅಂಟಿಸುವ 'ಅಲ್ಲಿ' ವಿಭಕ್ತಿಯನ್ನು ಅವರು ಮುಂದೆ ಅಂಟಿಸಿದ್ದಾರೆ ಎಂದುಕೊಂಡರೆ ಅರ್ಧ ಪದಗಳು ತಾವೇ ಬಿಚ್ಚಿಕೊಳ್ಳುತ್ತವೆ. ಎರಡನೆಯದು 'ಆಫ್', ಅಂದರೆ 'ಇಂದ'. ಇದಕ್ಕೆ ಕೊಟ್ಟಿರುವ ಉದಾಹರಣೆ ಅಡೌನ್. ಅದು 'ಆಫ್ ಡೂನೆ', ದಿಬ್ಬದಿಂದ ಎಂಬುದರ ಸವೆದ ರೂಪ. ನಾವು ದಿನವೂ ಬಳಸುವ 'ಡೌನ್' ಹುಟ್ಟಿದ್ದು ಈ ಅಡೌನ್ ಮತ್ತಷ್ಟು ಸವೆದು! ಮೂರನೆಯದು ಅರ್ಥಕ್ಕೆ ಒತ್ತು ಕೊಡುವ ದೀರ್ಘ 'ಆ'. ಅರೈಸ್, ಅಬೈಡ್, ಅಗೋ ಬಂದದ್ದು ಅಲ್ಲಿಂದ. ಎಡ್ಗರನ ಅಕೋಲ್ಡ್ ಸಹ ಬಹುಶಃ ಇಲ್ಲಿಯದೇ, 'ತಣ್ಣಗಾಗು' ಎಂಬ ಹಳೆಯ ಕ್ರಿಯಾಪದದ ಕೃದಂತ. ನಾಲ್ಕನೆಯದು ಆಂಗ್ಲೋ-ಸ್ಯಾಕ್ಸನ್‌ನ 'ಗೆ' ಎಂಬ ಪೂರ್ವಪ್ರತ್ಯಯ ಸವೆದು ಉಳಿದ 'ಅ'. ಇದು ಅರ್ಥಕ್ಕೆ ಏನನ್ನೂ ಸೇರಿಸುವುದಿಲ್ಲ, ಅವೇರ್ ಇದಕ್ಕೆ ಸಾಕ್ಷಿ. ಐದು ಮತ್ತು ಆರು ಫ್ರೆಂಚ್-ಲ್ಯಾಟಿನ್ ದಾರಿಯವು, ಅವು ಹೆಚ್ಚು ಕಾಡುವುದಿಲ್ಲ. ಏಳನೆಯದು ಮಾತ್ರ ನಮ್ಮ 'ಅ'ದ ನೆಂಟ. ಏಥಿಯಿಸ್ಟ್, ಅಬಿಸ್ ಪದಗಳಲ್ಲಿರುವ ಗ್ರೀಕ್ ನಿಷೇಧ ಅದು. ಏಳರಲ್ಲಿ ಒಂದೇ ಒಂದು ನಿಷೇಧ. ಕಣ್ಣು ಮುಚ್ಚಿ 'ಇಲ್ಲ' ಎಂದು ಅನುವಾದಿಸುವುದು ಎಷ್ಟು ಅಪಾಯ ಎಂಬುದು ಇಷ್ಟರಿಂದಲೇ ತಿಳಿಯುತ್ತದೆ.

ಒಂದು ನಮೂದನ್ನು ಹತ್ತಿರದಿಂದ ನೋಡಿ. 'ಅಬೆಡ್' ಹುಡುಕಿದರೆ ಗಣಕ ಪಠ್ಯದಲ್ಲಿ ಪದದ ನಡುವೆ ಒಂದು ನಕ್ಷತ್ರ ಚಿಹ್ನೆ, ಕೊನೆಯಲ್ಲಿ ಒಂದು ಉದ್ಧರಣ ಚಿಹ್ನೆ ಕಾಣುತ್ತದೆ. ತಪ್ಪು ಮುದ್ರಣವಲ್ಲ. ನಕ್ಷತ್ರ ಉಚ್ಚಾರಾಂಶವನ್ನು ಒಡೆಯುತ್ತದೆ, ಉದ್ಧರಣ ಚಿಹ್ನೆ ಒತ್ತು ಎಲ್ಲಿ ಬೀಳುತ್ತದೆಂದು ಹೇಳುತ್ತದೆ. ಆಮೇಲೆ ಚೌಕ ಆವರಣದಲ್ಲಿ ವ್ಯುತ್ಪತ್ತಿ, ಪ್ರತ್ಯಯ ಕೂಡಿಸು ಬೆಡ್ ಎಂದು. ಅರ್ಥದ ಪಕ್ಕದ ಸಂಕ್ಷೇಪಗಳನ್ನು ಮೊದಲೇ ಕಲಿತುಕೊಳ್ಳಿ. 'ಆಬ್ಸ್' ಎಂದರೆ ಬಳಕೆ ತಪ್ಪಿದ್ದು, ಬರೀ 'ಆರ್' ಎಂದರೆ ಅಪರೂಪ, 'ಸ್ಕಾಟ್' ಎಂದರೆ ಸ್ಕಾಟ್ಲೆಂಡಿನದು. ಜಿಸೈಡ್‌ನಲ್ಲಿ ಪ್ರತಿ ಅರ್ಥದ ಕೊನೆಗೆ '1913 ವೆಬ್‌ಸ್ಟರ್' ಎಂದಿದ್ದರೆ ಅದು ಮೂಲದ್ದು. 'ಪಿ.ಜೆ.ಸಿ.' ಅಥವಾ 'ವರ್ಡ್‌ನೆಟ್' ಎಂದಿದ್ದರೆ ಈಚೆಗೆ ಸೇರಿಸಿದ್ದು. ಹಳೆಯ ಪಠ್ಯಕ್ಕೆ ಅರ್ಥ ಹುಡುಕುವಾಗ ಈ ಗುರುತು ನೋಡದೆ ಮುಂದೆ ಹೋಗಬೇಡಿ.

'ಇಂಗ್' ಕೊನೆಯ ರೂಪಗಳಲ್ಲಿ ಹೆಚ್ಚಿನವರು ಸೋಲುತ್ತಾರೆ. ಅ-ಹಂಟಿಂಗ್, ಅ-ಬೆಗ್ಗಿಂಗ್ ಮುಂತಾದವಕ್ಕೆ ಪ್ರತ್ಯೇಕ ನಮೂದಿಲ್ಲ. ಒಂಟಿ ಅಕ್ಷರ 'ಎ' ತೆರೆದು ಅದರ 'ಪ್ರಿಪೊಸಿಷನ್' ಭಾಗಕ್ಕೆ ಇಳಿಯಬೇಕು. ಹಳೆಯ ಮುದ್ರಣದಲ್ಲಿ ಹೈಫನ್ ಇರಲೇಬೇಕೆಂದಿಲ್ಲ, ಎರಡು ಬಿಡಿ ಪದಗಳಾಗಿಯೂ ಇರುತ್ತದೆ ಎಂದು ಅಲ್ಲಿ ಸ್ಪಷ್ಟವಾಗಿ ಹೇಳಿದ್ದಾರೆ. ಬೈಬಲಿನ ಯೋಹಾನ 21:3ರಲ್ಲಿ 'ಐ ಗೋ ಎ ಫಿಶಿಂಗ್' ಎಂದಿದೆ. ಆ 'ಎ' ಒಂದು ಎಂಬ ಆರ್ಟಿಕಲ್ ಅಲ್ಲ. ಮೀನು ಹಿಡಿಯಲು ಹೋಗುತ್ತೇನೆ ಎಂದಷ್ಟೇ. ಇಬ್ರಿಯರಿಗೆ 11:21ರ 'ಎ ಡೈಯಿಂಗ್' ಎಂದರೆ ಸಾಯುತ್ತಿದ್ದಾಗ. 1 ಪೇತ್ರ 3:20ರ 'ವೈಲ್ ದಿ ಆರ್ಕ್ ವಾಸ್ ಎ ಪ್ರಿಪೇರಿಂಗ್' ಇನ್ನೂ ಜಾರುವ ಜಾಗ. ಆರ್ಕ್, ಅಂದರೆ ನೋಹನ ಹಡಗು, ಏನನ್ನೂ ಸಿದ್ಧಮಾಡುತ್ತಿಲ್ಲ, ಅದೇ ಸಿದ್ಧವಾಗುತ್ತಿದೆ. ಆದ್ದರಿಂದ ಕನ್ನಡದಲ್ಲಿ ಕೆಲವೊಮ್ಮೆ 'ಉತ್ತಾ', ಕೆಲವೊಮ್ಮೆ 'ಅಲು', ಕೆಲವೊಮ್ಮೆ ಕರ್ಮಣಿ ಪ್ರಯೋಗ ಬೇಕಾಗುತ್ತದೆ.

ಹಡಗಿನ ಪದಗಳಲ್ಲಿ ಈ ನಿಘಂಟನ್ನು ಬಾಯ್ತುಂಬ ಹೊಗಳಬೇಕು. ಅಟ್ರಿಪ್ ಎಂದರೆ ಲಂಗರು ಎಳೆದಾಗ ನೆಲದಿಂದ ಆಗತಾನೇ ಬಿಡಿಸಿಕೊಂಡ ಕ್ಷಣ. ಹಾಯಿಗೂ ಹಾಯಿ ಕಟ್ಟುವ ಅಡ್ಡಮರಕ್ಕೂ ಇದೇ ಪದಕ್ಕೆ ಬೇರೆ ಬೇರೆ ಅರ್ಥ ಬಿಡಿಸಿಟ್ಟಿದ್ದಾರೆ. ಅಹಲ್ ಎಂದರೆ ಬಿರುಗಾಳಿಯಲ್ಲಿ ಹಾಯಿ ಸುತ್ತಿ, ಚುಕ್ಕಾಣಿಯನ್ನು ಗಾಳಿ ಹೋಗುವ ಕಡೆಗೆ ಬಿಗಿದು ಕಟ್ಟಿ ಬಿಟ್ಟ ಹಡಗಿನ ಸ್ಥಿತಿ. ಇಷ್ಟು ನಿಖರವಾದ ವಿವರ ಕೈಯಲ್ಲಿದ್ದರೆ ಕನ್ನಡದಲ್ಲಿ ಒಂದೇ ಪದ ಸಿಗದಿದ್ದರೂ ವಾಕ್ಯ ಕಟ್ಟಬಹುದು. ಪೀಪಾಯಿಯದು ಅಬ್ರೋಚ್. ತೂತು ಕೊರೆದು ಮದ್ಯ ಹರಿಯಬಿಟ್ಟ ಸ್ಥಿತಿ ಅದು, ಅಲ್ಲಿಂದ ಕಿಡಿಗೇಡಿತನವನ್ನು ಹರಿಯಬಿಡುವುದಕ್ಕೂ ಬಂತು. ಶೇಕ್ಸ್‌ಪಿಯರನ ಸಾಲನ್ನೇ ಉದ್ಧರಿಸಿರುವುದರಿಂದ ಎರಡನೆಯ ಅರ್ಥ ಎಲ್ಲಿಂದ ಮೊಳೆಯಿತೆಂಬುದು ಕಣ್ಣಿಗೇ ಕಾಣುತ್ತದೆ.

ಕೊರತೆಗಳೂ ಸಣ್ಣವಲ್ಲ. ಉದ್ಧರಣೆಗಳಿಗೆ ಲೇಖಕರ ಹೆಸರಿದೆ, ಇಸವಿ ಇಲ್ಲ. ಪದ ಯಾವಾಗ ಬಳಕೆ ತಪ್ಪಿತು ಎಂದು ತಿಳಿಯಬೇಕಾದರೆ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿಗೇ ಹೋಗಬೇಕು. ಜೇಮ್ಸ್ ಮರ್ರೆ ಸಂಪಾದಿಸಿದ ಅದರ ಮೊದಲ ಕಂತು, 'ಎ'ಯಿಂದ 'ಆಂಟ್'ವರೆಗಿನ 352 ಪುಟ, ಬಂದದ್ದು 1884ರಲ್ಲಿ. ಅದರ ಸ್ಕ್ಯಾನ್ ಉಚಿತವಾಗಿಯೇ ಸಿಗುತ್ತದೆ, ಈಗಿನ ಆನ್‌ಲೈನ್ ಆವೃತ್ತಿಗೆ ಚಂದಾ ಬೇಕು. ಇನ್ನೊಂದು ತೊಂದರೆ, ಹಲವು ಕಡೆ ವೆಬ್‌ಸ್ಟರ್ ಬರೀ 'ಪ್ರತ್ಯಯ ಎ' ಎಂದು ಹೇಳಿ ಏಳರಲ್ಲಿ ಯಾವುದು ಎಂಬುದನ್ನು ನಮಗೇ ಬಿಡುತ್ತದೆ. ಮ್ಯಾಕ್‌ಬೆತ್ ಸೂರ್ಯನನ್ನು ಕಂಡು ಬೇಸತ್ತೆ ಎನ್ನುವಾಗ ಬಳಸುವ ಅವೇರಿ ಅಂಥದ್ದು. ಆಗ ಪದಗಳ ವ್ಯುತ್ಪತ್ತಿ ಹೇಳುವ ಎಟಿಮ್‌ಆನ್‌ಲೈನ್ ಜಾಲತಾಣ ತೆರೆದು ತಾಳೆ ನೋಡುವುದು ಒಳ್ಳೆಯದು, ಅಲ್ಲಿ ಈ ಪ್ರತ್ಯಯಗಳನ್ನು ಬೇರೆ ಬೇರೆ ನಮೂದುಗಳಾಗಿ ಇಟ್ಟಿದ್ದಾರೆ.

ಬಳಕೆಯ ನಿಯಮದಲ್ಲೂ ಒಂದೇ ಅಳತೆ ಇಲ್ಲ. ಅಲೈವ್ ಪದ ಯಾವಾಗಲೂ ನಾಮಪದದ ನಂತರವೇ ಬರುತ್ತದೆ ಎಂದು ಎಚ್ಚರಿಸುವ ನಿಘಂಟು ಅಬೆಡ್‌ನಲ್ಲಿ ಸುಮ್ಮನಿರುತ್ತದೆ. ಕನ್ನಡದಲ್ಲಿ 'ಮಲಗಿದ ಮಗು' ಸಹಜ, ಇಂಗ್ಲಿಷಿನಲ್ಲಿ 'ಆ್ಯನ್ ಅಬೆಡ್ ಚೈಲ್ಡ್' ಆಗದು. ಮಗು ಮೊದಲು, ಅಬೆಡ್ ಆಮೇಲೆ.

ಹುಡುಕಿದ ಪದ ಸಿಗದಿದ್ದರೆ ಹೈಫನ್ ತೆಗೆದು ಕೂಡಿಸಿ ಟೈಪ್ ಮಾಡಿ. ಆಗಲೂ ಇಲ್ಲವೆಂದರೆ 'ಎ' ಕಿತ್ತು ಉಳಿದದ್ದನ್ನು ಹುಡುಕಿ. ಉಳಿದದ್ದು ಅರ್ಥವೇ ಆಗದ ಚೂರಾಗಿದ್ದರೆ ಅಲ್ಲಿ ಪ್ರತ್ಯಯವೇ ಇರಲಿಕ್ಕಿಲ್ಲ. ಅಮೋಕ್ ಮಲಯ ಭಾಷೆಯ ಇಡೀ ಪದ. ಏಪ್ರನ್ ಮೊದಲು ನೇಪ್ರನ್ ಆಗಿತ್ತು. 'ಎ ನೇಪ್ರನ್' ಎಂಬುದನ್ನು ಜನ 'ಆ್ಯನ್ ಏಪ್ರನ್' ಎಂದು ಒಡೆದದ್ದರಿಂದ 'ನ್' ಅಕ್ಷರ ಜಾರಿ ಮೊದಲಿನ ಪದಕ್ಕೆ ಅಂಟಿಕೊಂಡಿತು.